ಬಣ್ಣದ ಒಳಗಿನ ಕೊಕ್ಕರೆ

ಬೆಳಕು ಇನ್ನೂ ಸರಿಯಾಗಿ ಬಿದ್ದಿಲ್ಲ. ಮನೆಯ ಹಿಂದಿನ ತಗಡಿನ ಶೆಡ್ಡಿನಲ್ಲಿ ಗಾರೆ ಅಕ್ಕ ಕುಕ್ಕರುಗಾಲಿನಲ್ಲಿ ಕೂತು ಅಚ್ಚಿನ ಬೋಲ್ಟುಗಳನ್ನು ಒಂದೊಂದಾಗಿ ಬಿಚ್ಚುತ್ತಿದ್ದಾರೆ. ಕೊನೆಯದು ಸಡಿಲವಾದ ಮೇಲೆ ಮರದ ಸುತ್ತಿಗೆಯಿಂದ ಅಚ್ಚಿನ ಬೆನ್ನಿಗೆ ಮೆತ್ತಗೆ ತಟ್ಟುತ್ತಾರೆ, ಕೂಸಿಗೆ ತೇಗು ಬರಿಸುವವರ ಹಾಗೆ. ಅಚ್ಚು ಎರಡು ಹೋಳಾಗಿ ಬಿಟ್ಟುಕೊಳ್ಳುತ್ತದೆ. ಒಳಗಿನಿಂದ ಸೊಂಟದೆತ್ತರದ ಕೊಕ್ಕರೆಯೊಂದು ಹೊರಬರುತ್ತದೆ. ಮೈಯೆಲ್ಲ ಬೂದಿ ಬಣ್ಣ, ಇನ್ನೂ ತೇವ.

ಅಕ್ಕ ಅದನ್ನು ಕಣ್ಣಿನಿಂದ ನೋಡುವುದಕ್ಕಿಂತ ಬೆರಳಿನಿಂದ ನೋಡುವುದೇ ಹೆಚ್ಚು. ತಲೆಯಿಂದ ಇಳಿದ ಬೆರಳು ಕುತ್ತಿಗೆ ಬಾಗುವಲ್ಲಿ ನಿಲ್ಲುತ್ತದೆ. “ಇಲ್ಲಿ ಗಾಳಿ ಗುಳ್ಳೆ ಉಳೀಬಾರದು. ಒಳಗೆ ಕಂಬಿ ತಲೆಯಿಂದ ಕಾಲಿನವರೆಗೂ ಒಂದೇ ಇರ್ಬೇಕು, ತುಂಡು ತುಂಡು ಇಟ್ರೆ ನಡೆಯಲ್ಲ” ಎಂದು ಬರೆದುಕೊಳ್ಳಲು ಬಂದವರಿಗೆ ಹೇಳುತ್ತಾ ಕರಣೆಯ ತುದಿಯಿಂದ ಅಚ್ಚು ಕೂಡಿದ ಗೆರೆಯನ್ನು ಕೆರೆಯುತ್ತಾರೆ. ಆಮೇಲೆ ಒದ್ದೆ ಗೋಣಿತಟ್ಟು ಹೊದಿಸುತ್ತಾರೆ. ವಾರಗಟ್ಟಲೆ ನೀರು ಕುಡಿದರೆ ಮಾತ್ರ ಅದು ಗಟ್ಟಿ.

ಅಷ್ಟರಲ್ಲಿ ಅಂಗಳದ ಆಚೆ ಬದಿಯ ಬಾಗಿಲು ತೆರೆಯುತ್ತದೆ. ಬಣ್ಣದ ಡಬ್ಬಿಗಳ ಬುಟ್ಟಿ ಹಿಡಿದು ಮೈದುನನ ಹೆಂಡತಿ ಹೊರಬರುತ್ತಾಳೆ. “ಬಂದ್ಲು ಮಹಾರಾಣಿ” ಎಂದು ಗಾರೆ ಅಕ್ಕ ಗೋಣಿತಟ್ಟಿಗೆ ಹೇಳುತ್ತಾರೆ.

ತೋಟದ ಅಲಂಕಾರಕ್ಕೆ ಕಾಂಕ್ರೀಟಿನ ಕೊಕ್ಕರೆ, ಆಮೆ, ಕಪ್ಪೆ, ಅಣಬೆ, ಹಕ್ಕಿಗೆ ನೀರಿಡುವ ಬಟ್ಟಲು ಇವನ್ನೆಲ್ಲ ಮಾಡುವ ಮನೆ ಇದು. ಅಚ್ಚು ಹಾಕುವವರು ಹಿರಿಯ ಸೊಸೆ, ಬಣ್ಣ ಹಚ್ಚುವವಳು ಕಿರಿಯ ಸೊಸೆ. ಬೀದಿಯವರು ಒಬ್ಬರನ್ನು ಗಾರೆ ಅಕ್ಕ, ಇನ್ನೊಬ್ಬರನ್ನು ಬಣ್ಣದಕ್ಕ ಅನ್ನುತ್ತಾರೆ. ಬಣ್ಣದಕ್ಕ ರಸ್ತೆಗೆ ಕಾಣುವ ಜಗುಲಿಯಲ್ಲಿ ಕೂರುತ್ತಾಳೆ. ಗಾರೆ ಅಕ್ಕ ಹಿಂದಿನ ಶೆಡ್ಡಿನಲ್ಲಿ. ಗಿರಾಕಿಗಳು ಜಗುಲಿಯವರೆಗೆ ಬರುತ್ತಾರೆ, ಅಲ್ಲಿಂದಲೇ ಹೋಗುತ್ತಾರೆ.

ಮಾವನವರ ಕಾಲದಲ್ಲಿ ಇಲ್ಲಿ ಆಗುತ್ತಿದ್ದದ್ದು ಕಿಟಕಿಯ ಸಿಮೆಂಟ್ ಜಾಲರಿ. ಅಲ್ಯೂಮಿನಿಯಂ ಬಂದ ಮೇಲೆ ಜಾಲರಿ ಕೇಳುವವರಿಲ್ಲವಾಯಿತು. ಮದುವೆಯಾಗಿ ಬಂದ ಹೊಸತರಲ್ಲಿ ಗಾರೆ ಅಕ್ಕ, ಕಲಸಿ ಉಳಿದ ಕಾಂಕ್ರೀಟನ್ನು ಹಾಳುಮಾಡಲು ಮನಸ್ಸಾಗದೆ ಅಡುಗೆಮನೆಯ ಬೋಗುಣಿಗೆ ಎಣ್ಣೆ ಸವರಿ ತುಂಬಿದರು. ಮಗುಚಿದಾಗ ಅದು ಆಮೆಯ ಬೆನ್ನಿನಂತೆ ಕಂಡಿತು. ತಲೆ ಕಾಲು ಅಂಟಿಸಿದರು. ಅತ್ತೆ ಬೋಗುಣಿಗಾಗಿ ಮನೆಯೆಲ್ಲ ಹುಡುಕಿದರು. ಮಾವ ಮಾತ್ರ ಆಮೆಯನ್ನು ತಿರುಗಿಸಿ ಮುರುಗಿಸಿ ನೋಡಿ, ಮರುದಿನವೇ ಅಚ್ಚು ಮಾಡುವುದನ್ನು ಹೇಳಿಕೊಡಲು ಕೂತರು.

ಆದರೆ ಬೂದಿ ಬಣ್ಣದ ಆಮೆಗಳು ಗೇಟಿನ ಬಳಿ ತಿಂಗಳುಗಟ್ಟಲೆ ಕೂತೇ ಇದ್ದವು. ಕೆಲವು ವರ್ಷಗಳ ಮೇಲೆ ಮನೆಗೆ ಬಂದ ಕಿರಿಯ ಸೊಸೆ ಒಂದು ಮಧ್ಯಾಹ್ನ ಸುಮ್ಮನೆ ಕೂರಲಾರದೆ ಆಮೆಯೊಂದಕ್ಕೆ ಕಣ್ಣು ಬರೆದಳು. ಸಂಜೆಯೊಳಗೆ ಅದು ಮಾರಾಟವಾಯಿತು. ಉಳಿದವಕ್ಕೂ ಬರೆದಳು, ವಾರದಲ್ಲಿ ಗೇಟಿನ ಬಳಿ ಖಾಲಿ. “ಆಮೆಗೆ ಕಣ್ಣು ಬಂತು, ನನಗೆ ಕಣ್ಣುರಿ ಬಂತು” ಎಂದು ಗಾರೆ ಅಕ್ಕ ನಗದೇ ಹೇಳುತ್ತಾರೆ.

ಆ ಉರಿ ಅವರು ಮುಚ್ಚಿಟ್ಟದ್ದೇನೂ ಅಲ್ಲ, ಹೇಳಿಕೊಂಡದ್ದೂ ಅಲ್ಲ. ದಿನಕ್ಕೆ ಎರಡು ಕೊಕ್ಕರೆ, ನಾಲ್ಕೈದು ಆಮೆ, ಲೆಕ್ಕಕ್ಕಿಲ್ಲದಷ್ಟು ಅಣಬೆ. ಮರಳು ಜರಡಿ ಹಿಡಿಯಬೇಕು, ಬಾಂಡ್ಲಿ ಹೊರಬೇಕು, ಸಿಮೆಂಟು ಕಚ್ಚಿದ ಬೆರಳ ಸಂದಿಗೆ ಕೊಬ್ಬರಿ ಎಣ್ಣೆ ಹಚ್ಚಬೇಕು. ಎದುರಿಗೆ ಓರಗಿತ್ತಿ ನೆರಳಲ್ಲಿ ಸ್ಟೂಲಿನ ಮೇಲೆ ಕೂತು, ಕಿರುಬೆರಳು ಎತ್ತಿಕೊಂಡು ಕುಂಚ ಆಡಿಸುತ್ತಾಳೆ. ಅವಳ ಉಗುರಿನಲ್ಲಿ ನೀಲಿ, ತಮ್ಮ ಉಗುರೇ ಸವೆದು ಅರ್ಧ. ಬಂದವರೆಲ್ಲ “ಏನು ಬಣ್ಣ” ಅನ್ನುವುದು ಶೆಡ್ಡಿನವರೆಗೆ ಕೇಳುತ್ತದೆ. ಬಾಯಿ ಬಿಟ್ಟರೆ ಬಣ್ಣಗೇಡು ಎಂದು ಅಕ್ಕ ಸುಮ್ಮನಿದ್ದರು.

ಬಾಯಿ ಬಿಡಿಸಿದ್ದು ಹೊಸ ಉದ್ಯಾನದ ಕೊಳ. ಅದಕ್ಕೆ ಆರು ಕೊಕ್ಕರೆಗಳು ಬೇಕಾಗಿದ್ದವು. ಉದ್ಘಾಟನೆಯ ದಿನ ಗಾರೆ ಅಕ್ಕ ಬೆಳಿಗ್ಗೆಯಿಂದ ಮೊಣಕಾಲುದ್ದ ನೀರಿನಲ್ಲಿ ನಿಂತು ಒಂದೊಂದರ ಪೀಠವನ್ನೂ ಗಾರೆ ಹಾಕಿ ಕೂರಿಸಿದರು. ಅತಿಥಿಗಳು ಬರುವಾಗ ಅವರು ಟೆಂಪೋದ ಮರೆಯಲ್ಲಿ ಕಾಲು ತೊಳೆಯುತ್ತಿದ್ದರು. ಇದನ್ನು ಮಾಡಿದವರು ಯಾರು ಎಂದು ಯಾರೋ ಕೇಳಿದರು, ಯಾರೋ ಬಣ್ಣದಕ್ಕನನ್ನು ಮುಂದೆ ತಳ್ಳಿದರು. ಹೂಗುಚ್ಛ ಅವಳ ಕೈಗೆ ಹೋಯಿತು. ಮರುದಿನ ಪತ್ರಿಕೆಯಲ್ಲಿ ಫೋಟೋ, ಕೊಕ್ಕರೆಯ ಕುತ್ತಿಗೆಯ ಮೇಲೆ ಓರಗಿತ್ತಿಯ ಕೈ, ಕೆಳಗೆ ‘ಕೊಕ್ಕರೆಗಳಿಗೆ ಜೀವ ತುಂಬಿದ ಕಲಾವಿದೆ’ ಎಂಬ ಸಾಲು.

“ಜೀವ ತುಂಬಿದ್ಲಂತೆ. ಹಾಗಾದ್ರೆ ನಾನು ಅಷ್ಟು ದಿನ ಹೆಣ ಹೊತ್ತಿದ್ನಾ?” ಎಂದು ಈಗಲೂ ಕೇಳುತ್ತಾರೆ. ಅವತ್ತು ಅವರು ಓರಗಿತ್ತಿಗೆ ಹೇಳಿದ್ದು ಇಷ್ಟೇ, ಇನ್ನು ನನ್ನ ಅಚ್ಚಿನ ಸಾಮಾನು ನಿನ್ನ ಕುಂಚಕ್ಕೆ ಬರುವುದಿಲ್ಲ. ಕಿರಿಯವಳು ಊರಾಚೆಯ ಕಾರ್ಖಾನೆಯಿಂದ ಕೊಕ್ಕರೆಗಳನ್ನು ತರಿಸಿಕೊಂಡು ಬಣ್ಣ ಹಚ್ಚತೊಡಗಿದಳು. ಗೇಟಿನ ಒಂದು ಬದಿಗೆ ಬಣ್ಣದ ಸಾಲು, ಇನ್ನೊಂದು ಬದಿಗೆ ಬೂದಿ ಸಾಲು. ಅಣ್ಣ ತಮ್ಮಂದಿರಿಬ್ಬರೂ ಉಗುಳಲೂ ಆಗದೆ ನುಂಗಲೂ ಆಗದೆ ಒಂದೇ ಟೆಂಪೋದಲ್ಲಿ ಎರಡೂ ಸಾಲನ್ನು ಸಾಗಿಸಿದರು.

ಬೂದಿ ಸಾಲು ಕರಗಲಿಲ್ಲ. ಕೊನೆಗೆ ಗಾರೆ ಅಕ್ಕ ತಾವೇ ಕುಂಚ ತಂದು, ಶೆಡ್ಡಿನ ಬಾಗಿಲು ಮುಂದೆ ಮಾಡಿಕೊಂಡು ಕಪ್ಪೆಯೊಂದಕ್ಕೆ ಕಣ್ಣು ಬರೆದರು. ಒಂದು ಕಣ್ಣು ಆಕಾಶ ನೋಡಿತು, ಇನ್ನೊಂದು ಪಾತಾಳ. ಗಂಡ ಬಾಗಿಲು ತಳ್ಳಿ ಬಂದವರು ನಕ್ಕುಬಿಟ್ಟರು. ಆಮೇಲೆ ಮೂರು ಹೊತ್ತು ತಲೆ ತಗ್ಗಿಸಿ ಊಟ ಮಾಡಿದರು. ಸುತ್ತಿಗೆ ಹಿಡಿದು ತೂಗಿದರೆ ಕೈ ತೂಕಕ್ಕೆ ಸರಿಯಾಗಿ ಬೀಳುತ್ತದೆ, ಕುಂಚ ಹಿಡಿದರೆ ಅದೇ ಕೈ ದಾರಿ ತಪ್ಪುತ್ತದೆ. ಇದು ಗಾರೆ ಅಕ್ಕನಿಗೆ ಗೊತ್ತಾದದ್ದು ಆಗ. ಗೊತ್ತಾಗಿ ಉರಿ ಇಳಿಯಲಿಲ್ಲ, ಏರಿತು.

ಹಾಗಿರುವಾಗ ಒಂದು ಬೆಳಿಗ್ಗೆ ಗಿರಾಕಿಯೊಬ್ಬರು ಚೀಲ ಹಿಡಿದು ಜಗುಲಿಗೆ ಬಂದರು. ಚೀಲದಲ್ಲಿ ಬಣ್ಣದಕ್ಕ ಮಾರಿದ ಕೊಕ್ಕರೆಯ ತಲೆ, ಮುರಿದ ಕುತ್ತಿಗೆ. ಅವರ ದನಿ ಏರಿದ್ದು ಕೇಳಿ ಗಾರೆ ಅಕ್ಕ ಶೆಡ್ಡಿನ ಗೋಡೆಗೆ ಒರಗಿ ನಿಂತರು. “ಸುಳ್ಳು ಯಾಕೆ ಹೇಳ್ಲಿ, ಹೊಟ್ಟೆಗೆ ಹಾಲು ಹೊಯ್ದ ಹಾಗಾಯ್ತು.” ಆ ಹಾಲು ಒಡೆದದ್ದು ಗಿರಾಕಿಯ ಮುಂದಿನ ಮಾತಿಗೆ. ಅವರ ನಾಲ್ಕು ವರ್ಷದ ಮಗಳು ಕೊಕ್ಕರೆಯನ್ನು ತಬ್ಬಿಕೊಂಡಿದ್ದಳು, ತಲೆ ಕಳಚಿ ಅವಳ ಪಾದದ ಪಕ್ಕಕ್ಕೆ ಬಿತ್ತು. ಗೇಣು ಈಚೆ ಬಿದ್ದಿದ್ದರೆ ಪಾದ ಉಳಿಯುತ್ತಿರಲಿಲ್ಲ.

ಬಣ್ಣದಕ್ಕ ಏನೂ ನೆಪ ಹೇಳಲಿಲ್ಲ. “ತಪ್ಪು ನನ್ನದು. ಇದು ನಮ್ಮ ಅಕ್ಕ ಮಾಡಿದ್ದಲ್ಲ, ಹೊರಗಿಂದ ತಂದದ್ದು. ಅವರ ಕೈಯದ್ದಾಗಿದ್ರೆ ನಿಮ್ಮ ಮಗಳು ಹತ್ತಿ ಕೂತರೂ ಏನೂ ಆಗ್ತಿರ್ಲಿಲ್ಲ” ಎಂದಳು. ರಸ್ತೆಯಲ್ಲಿ ಹೋಗುವವರು ನಿಂತು ಕೇಳುತ್ತಿದ್ದರು.

ಇಷ್ಟು ವರ್ಷ ಕಾದಿದ್ದ ಮಾತು ಅದು. ಕೇಳಿ ಮನಸ್ಸು ತಣ್ಣಗಾಗಬೇಕಿತ್ತು. ಆದದ್ದು ಬೇರೆ. “ನಾಲ್ಕು ಜನರ ಮುಂದೆ ಎಷ್ಟು ಸಲೀಸಾಗಿ ಹೇಳಿಬಿಟ್ಲು. ನಾನಾಗಿದ್ರೆ ನಾಲಿಗೆ ಏಳ್ತಿರ್ಲಿಲ್ಲ. ಅದಕ್ಕೂ ಹೊಟ್ಟೆ ಉರೀತು ನನಗೆ, ಅದರಲ್ಲೂ ಅವಳೇ ಮುಂದೆ.” ಗೋಡೆ ಬಿಟ್ಟು ಜಗುಲಿಗೆ ಬಂದರು. ಮುರಿದ ತುದಿಯನ್ನು ಬೆಳಕಿಗೆ ಹಿಡಿದರು. ಒಳಗೆ ಕಂಬಿಯೇ ಇರಲಿಲ್ಲ. ಬೇರೆ ಮಾಡಿಕೊಡುತ್ತೇನೆ, ಗಟ್ಟಿಯಾಗುವ ತನಕ ಕೇಳಬೇಡಿ ಎಂದು ಗಿರಾಕಿಗೆ ಹೇಳಿದರು. ಓರಗಿತ್ತಿಯ ಕಡೆ ತಿರುಗದೆ, ಜಗುಲಿಯಲ್ಲಿ ನಿಂತಿದ್ದ ಕಾರ್ಖಾನೆಯ ಕೊಕ್ಕರೆಗಳನ್ನು ಇವತ್ತೇ ಒಳಗೆ ಹಾಕು ಎಂದರು. ಇಬ್ಬರೂ ಸೇರಿ ಅವನ್ನು ಹೊತ್ತು ಹಿತ್ತಲಿಗೆ ಹಾಕಿದರು. ಮಾರಿದ್ದವನ್ನೂ ಮನೆಮನೆಗೆ ಹೋಗಿ ವಾಪಸು ತಂದರು. ಕೊನೆಯ ಮನೆಯ ಮೆಟ್ಟಿಲಿಳಿಯುವಾಗ ಕಿರಿಯವಳು, ಭಾರದ ಕಡೆ ನೀವು ಹಿಡ್ಕೊಳ್ಳಿ ಅಕ್ಕ, ನನಗೆ ಬರಲ್ಲ ಅಂದಳು. ಅಕ್ಕ ಹಿಡಿದರು.

ಹೊಸ ಕೊಕ್ಕರೆ ತಯಾರಾಯಿತು, ಬಣ್ಣವೂ ಬಂತು. ಗಿರಾಕಿ ಮಗಳನ್ನು ಕರೆತಂದು ನೋಡಿ, ರೆಕ್ಕೆಯ ಬಣ್ಣ ಎಷ್ಟು ಚೆನ್ನಾಗಿದೆ ಎಂದರು. ಬಣ್ಣದಕ್ಕ “ಕುತ್ತಿಗೆ ನೋಡಿ, ಕುತ್ತಿಗೆ ನೋಡಿ” ಎಂದು ಎರಡು ಸಲ ಹೇಳಿದಳು. ಅವರು ಕುತ್ತಿಗೆಯ ಬಣ್ಣವನ್ನೂ ಹೊಗಳಿದರು.

ಈಗ ಗೇಟಿನ ಬಳಿ ಒಂದೇ ಸಾಲು. ಹೊಟ್ಟೆಕಿಚ್ಚು ಹೋಯಿತೇ ಎಂದರೆ ಗಾರೆ ಅಕ್ಕ ಬಾಂಡ್ಲಿ ಕೆಳಗಿಡುತ್ತಾರೆ. “ಎಲ್ಲಿ ಹೋಗುತ್ತೆ? ದಿನಾ ಎದುರಿಗೇ ಕೂತಿರ್ತಾಳಲ್ಲ.” ಜಗುಲಿಯ ಕಡೆ ಒಮ್ಮೆ ನೋಡಿ ದನಿ ತಗ್ಗಿಸುತ್ತಾರೆ. “ಬಣ್ಣ ನಾಲ್ಕು ಮಳೆಗೆ ಹೋಗುತ್ತೆ. ನನ್ನ ಕೊಕ್ಕರೆ ನಿಂತೇ ಇರುತ್ತೆ. ಇದನ್ನ ಬರೀರಿ.”

ಬರೆದುಕೊಳ್ಳುವುದನ್ನು ನೋಡುತ್ತಾ ಸ್ವಲ್ಪ ಹೊತ್ತು ಮರಳು ಕೆದಕುತ್ತಾರೆ. “ಅವಳ ಬಣ್ಣ ಚೆನ್ನಾಗಿರುತ್ತೆ ಅಂತಲೂ ಹಾಕಿ” ಎನ್ನುತ್ತಾರೆ. “ಸ್ವಲ್ಪ ಕೆಳಗೆ.”