ಗಿರಣಿ ಪಾಲಯ್ಯನ ಕೋಳಿಗಳು

ನಮ್ಮ ತಳಕಿನಲ್ಲಿ ಹಿಟ್ಟಿನ ಗಿರಣಿ ಪಾಲಯ್ಯನ ಹತ್ತಿರ ಬೈಸಿಕೊಳ್ಳದೆ ಹಿಟ್ಟು ಒಯ್ದವರಿಲ್ಲ. ಜೋಳ ಒಣಗಿಲ್ಲ ಅಂತ ಒಬ್ಬರಿಗೆ, ರಾಗಿಯಲ್ಲಿ ಕಲ್ಲು ಅಂತ ಇನ್ನೊಬ್ಬರಿಗೆ, ಡಬ್ಬದ ಮುಚ್ಚಳ ಮನೆಯಲ್ಲೇ ಬಿಟ್ಟು ಬಂದವರಿಗೆ ಅದಕ್ಕೆ. ಆದರೆ ದೊಡ್ಡ ಬೈಗುಳಗಳನ್ನೆಲ್ಲ ಅವನು ಒಂದೇ ವಿಷಯಕ್ಕೆ ಎತ್ತಿಟ್ಟಿದ್ದ. ಕಲ್ಲಿನ ನಡುವೆ ಕಾಳಿರುವಾಗ ಗಿರಣಿ ನಿಲ್ಲಿಸು ಅನ್ನಬಾರದು. ಮೇಲಿನ ಕಾಳೆಲ್ಲ ಇಳಿಯಬೇಕು, ಕಲ್ಲು ಬರಿದಾಗಿ ತಿರುಗುವ ಸದ್ದು ಕಿವಿಗೆ ಬೀಳಬೇಕು, ಕಲ್ಲನ್ನು ಸಡಿಲಿಸಬೇಕು, ಆಮೇಲೆ ಸ್ವಿಚ್ಚು.

"ನಿಲ್ಸಣ್ಣ, ಬಸ್ಸು ಬಂತು" ಎಂದು ಯಾರಾದರೂ ಅವಸರ ಮಾಡಿದರೆ, "ಬಸ್ಸು ಹೋದ್ರೆ ಇನ್ನೊಂದು ಬರ್ತೈತೆ. ಕಲ್ಲು ಕಚ್ಕಂಡ್ರೆ ನಿಮ್ಮಪ್ಪ ಬಂದು ಬಿಡಿಸ್ತಾನಾ?" ಎನ್ನುತ್ತಿದ್ದ.

ಗಿರಣಿಯ ಎದುರಿಗೇ ನನ್ನ ಫೋಟೋ ಸ್ಟುಡಿಯೋ. ನಾನು ತೆಗೆದ ಪಾಸ್‌ಪೋರ್ಟ್ ಸೈಜಿನ ಫೋಟೋಗಳನ್ನು ಗುರುತು ಹಿಡಿಯಲು ಅವುಗಳ ಮಾಲೀಕರಿಗೇ ಕಷ್ಟವಾಗುತ್ತಿದ್ದುದರಿಂದ ನನಗೆ ಬಿಡುವು ಬಹಳ ಇತ್ತು. ಆ ಬಿಡುವಿನಲ್ಲೆಲ್ಲ ಪಾಲಯ್ಯನ ಬೈಗುಳ ಕೇಳುತ್ತ ಕೂರುತ್ತಿದ್ದೆ. ಚಳ್ಳಕೆರೆಯಲ್ಲಿ ವಿಡಿಯೋ ಗೇಮ್ ಅಂಗಡಿಗೆ ಹೋಗಿ ಬಂದ ಹುಡುಗರು ಕಂಡರಂತೂ ಮುಗಿದೇ ಹೋಯಿತು. "ಮೀಸೆ ಬಂದಮ್ಯಾಲೂ ಗುಂಡಿ ಒತ್ಕಂಡು ಕೂರ್ತೀರಲ್ಲಲೇ, ನಾಚ್ಕೆ ಆಗಲ್ವಾ?" ಈ ಮಾತು ಸ್ವಲ್ಪ ನೆನಪಿರಲಿ. ಊರಿನವರಿಗೂ ನೆನಪಿತ್ತು, ಅದೇ ತೊಂದರೆಯಾದದ್ದು.

ಎರಡು ಸಾವಿರದ ಮೂರೋ ನಾಲ್ಕೋ ಇರಬೇಕು. ಕರೆಂಟು ಬರುವುದಕ್ಕಿಂತ ಹೋಗುವುದರಲ್ಲೇ ಹೆಚ್ಚು ಆಸಕ್ತಿ ತೋರಿಸುತ್ತಿದ್ದ ಕಾಲ. ಪಾಲಯ್ಯನ ಹೆಂಡತಿ ಬೋರಮ್ಮ ಬಣವೆಯಿಂದ ಮೇವು ಎಳೆಯುವಾಗ ಜಾರಿ ಬಿದ್ದು ಕಾಲು ಮುರಿದುಕೊಂಡಳು. ಕಾಲಿಗೆ ಸಿಮೆಂಟ್ ಪಟ್ಟಿ ಹಾಕಿ ಮನೆಯಲ್ಲಿ ಮಲಗಿಸಿದರು. ಅವಳಿಗೊಂದು ಹಸು ಇತ್ತು, ಕೆಂದಿ ಅಂತ. ಬೋರಮ್ಮ ಮ್ಯಾಸನಾಯಕರ ಮನೆಯ ಹೆಣ್ಣುಮಗಳು, ಹಟ್ಟಿಯಲ್ಲಿ ದನಗಳ ನಡುವೆಯೇ ಬೆಳೆದವಳು. ಆ ಹಸು ಅವಳ ಕೈಯಿಂದಲ್ಲದೆ ನೀರು ಕುಡಿಯುತ್ತಿರಲಿಲ್ಲ. ನೋಡಿಕೊಳ್ಳುವವರಿಲ್ಲದೆ, ಮೊಳಕಾಲ್ಮೂರು ಕಡೆ ರಾಂಪುರದ ಹತ್ತಿರವಿದ್ದ ಅವಳ ತಮ್ಮ ಹೊನ್ನೂರಸ್ವಾಮಿ ಬಂದು ಕೆಂದಿಯನ್ನು ತನ್ನ ದನಗಳ ಜೊತೆಗೆ ಹೊಡೆದುಕೊಂಡು ಹೋದ. ಅಕ್ಕ ಗೋಡೆಯ ಕಡೆ ತಿರುಗಿ ಮಲಗಿದಳು. ತಮ್ಮ ಲಾರಿ ಡ್ರೈವರ್ ಆದರೂ ಮೆತ್ತನೆಯ ಮನಸ್ಸಿನವನು, ಮುಂದಿನ ಸಲ ಬಂದಾಗ ಬರಿಗೈಯಲ್ಲಿ ಬರಲಿಲ್ಲ.

ತಂದದ್ದು ಅಂಗೈಗಿಂತ ಚೂರು ದೊಡ್ಡದಾದ ಒಂದು ಡಬ್ಬಿ. ಬೆಂಕಿಪೊಟ್ಟಣದಷ್ಟು ಪರದೆ, ಕೆಳಗೆ ಗುಂಡಿಗಳು, ಬೆನ್ನಿಗೆ ಪೆನ್ ಸೆಲ್ಲು. ಮದ್ರಾಸಿಗೆ ಲಾರಿ ಒಯ್ದಾಗ ಬರ್ಮಾ ಬಜಾರಿನಲ್ಲಿ ಮಕ್ಕಳಿಗೆಂದು ಕೊಂಡಿದ್ದನಂತೆ. ಕೊಂಡಾಗಲೇ ಅದು ಹಳೆಯದು. ಒಳಗೆ ಒಂದೇ ಆಟ. ಒಂದು ಹೊಲ, ಒಂದು ಮನೆ, ಒಂದು ಕೊಟ್ಟಿಗೆ. ಬಿತ್ತಿ, ಬೆಳೆದು, ಮಾರಿ, ಹಸು ಕೊಂಡು ಸಾಕುವುದು. ನಮ್ಮೂರವರು ದಿನವಿಡೀ ಮಾಡಿ ಸಾಕಾಗಿದ್ದನ್ನೇ ಹೊರದೇಶದವರು ಆಟ ಮಾಡಿದ್ದರು.

ಬೋರಮ್ಮ ಅದನ್ನು ಆಟ ಎಂದು ತಿಳಿಯಲಿಲ್ಲ. ಒಂದು ಹಸು ಕೊಂಡಳು. ಹೆಸರಿಡುವ ಜಾಗ ಬಂದಾಗ, ಇಂಗ್ಲಿಷ್ ಅಕ್ಷರಕ್ಕಾಗಿ ನನ್ನನ್ನು ಕರೆಸಿದರು. ನಾನು ಒಂದೊಂದೇ ಅಕ್ಷರ ಹುಡುಕಿ 'ಕೆಂದಿ' ಎಂದು ಕೂರಿಸಿದೆ.

"ಬೂದಿ ಬಣ್ಣ ಕಾಣ್ತೈತಲ್ಲಕ್ಕ" ಅಂದೆ. ಪರದೆಗೆ ಬಣ್ಣವೇ ಇರಲಿಲ್ಲ.

"ಕೆಂಪು ನಾನು ನೆನಸ್ಕಂತೀನಿ ಬಿಡು ತಮ್ಮ" ಅಂದಳು.

ಆ ಕೆಂದಿ ಕರು ಹಾಕಿತು. ಮಲಗಿದಲ್ಲೇ ಬೋರಮ್ಮನ ಮುಖಕ್ಕೆ ಕಳೆ ಬಂತು. ಆಟದೊಳಗೆ ಒಂದು ಕೋಳಿ ಅಂಗಡಿಯೂ ಇತ್ತು. ಕೋಳಿ ಕೊಂಡು ಮೊಟ್ಟೆ ಮಾರಿದರೆ ಬೇಗ ಮೇಲೆ ಬರಬಹುದು. ಆದರೆ ಮ್ಯಾಸನಾಯಕರ ಮನೆಯಲ್ಲಿ ಕೋಳಿ ಸಾಕುವುದಿಲ್ಲ, ಕೋಳಿ ತಿನ್ನುವುದಿಲ್ಲ, ಅದು ಕುಲದ ಕಟ್ಟು. ಬೋರಮ್ಮ ತನ್ನ ಪರದೆಯ ಗೊಂಬೆಯನ್ನು ಆ ಅಂಗಡಿಯ ಮುಂದೆ ಸಹ ಹಾಯಿಸದೆ, ಹಿಂದಿನ ದಾರಿಯಿಂದ ಸುತ್ತಿಸಿಕೊಂಡು ಹೋಗುತ್ತಿದ್ದಳು.

ಆಟ ಮುಗಿಸುವುದಕ್ಕೂ ಅವಳದೊಂದು ಕ್ರಮ. ಜೊತೆಗೆ ಬಂದಿದ್ದ ತಮ್ಮನ ಮಕ್ಕಳು ಕಲಿಸಿದ್ದನ್ನು ಗಂಡನಿಗೂ ಒಪ್ಪಿಸಿದಳು. "ಮೊದ್ಲು ದನ ಒಳೀಕೆ ಕಟ್ಬೇಕು. ಮನೆಯೊಳಗೆ ಹೋಗ್ಬೇಕು. ಮಂಚದ ಹತ್ರ ನಿಂತು ಈ ಗುಂಡಿ ಒತ್ಬೇಕು, ಆಗ ಮಾಡಿದ್ದೆಲ್ಲ ಉಳೀತದಂತೆ. ಮರಳಿನ ಗಡಿಯಾರ ಒಂದು ತಿರುಗ್ತೈತೆ. ಅದು ಹೋಗೋಗಂಟ ಕೈ ಹಚ್ಚಬಾರ್ದು. ಅದು ಹೋದ್ಮ್ಯಾಲೆ ಆರಿಸ್ಬೇಕು. ನಡುವೆ ಆರಿಸಿದ್ರೆ ಎಲ್ಲಾ ಹೋತದಂತೆ."

"ನಂಗ್ಯಾಕೆ ಹೇಳ್ತೀಯ, ನಾನೇನು ಆಡ್ತೀನಾ?" ಅಂದ ಪಾಲಯ್ಯ.

ಆಡತೊಡಗಿದ್ದು ಸೆಲ್ಲುಗಳ ದೆಸೆಯಿಂದ. ಸೆಲ್ಲು ವೀಕಾದಾಗ ಅವನು ಗಿರಣಿಯ ಸೂರಿನ ಮೇಲೆ, ಒಣಮೆಣಸಿನಕಾಯಿಯ ಪಕ್ಕ, ಬಿಸಿಲಿಗಿಡುತ್ತಿದ್ದ. ಜೀವ ಬಂತೋ ಇಲ್ಲವೋ ಎಂದು ನೋಡಲು ಡಬ್ಬಿಗೆ ಹಾಕಬೇಕು. ಹಾಕಿದ ಮೇಲೆ ಒಂಚೂರು ನಡೆದು ನೋಡಬೇಕು. ನಡೆದ ಮೇಲೆ ಹೊಲಕ್ಕೆ ಒಂದು ಕೊಡ ನೀರು ಹಾಕಿದರೆ ತಪ್ಪೇನು? ಹೀಗೆ, ಮಧ್ಯಾಹ್ನ ಕರೆಂಟಿಲ್ಲದ ಹೊತ್ತಿನಲ್ಲಿ, ಬೋರಮ್ಮ ಕಣ್ಣು ಮುಚ್ಚಿದಾಗ, ಪಾಲಯ್ಯ ಗಿರಣಿಯ ಕತ್ತಲಲ್ಲಿ ಜೋಳದ ಚೀಲದ ಹಿಂದೆ ಕುಕ್ಕರಗಾಲಲ್ಲಿ ಕೂತು ಬೇಸಾಯ ಮಾಡತೊಡಗಿದ. ಬೆಂಕಿಪೊಟ್ಟಣ ಕೇಳಲು ಹೋಗಿ ನಾನು ನೋಡಿಬಿಟ್ಟೆ. ಅವನ ಹುಬ್ಬು, ಮೀಸೆ ಎಲ್ಲ ಹಿಟ್ಟು. ಹಿಟ್ಟಿನ ನಡುವೆ ಕಿವಿ ಮಾತ್ರ ಕೆಂಪಗಾಯಿತು.

"ಲೇ ಸ್ಟುಡಿಯೋ, ಇದು ಹೊರಗೆ ಹೋದ್ರೆ ನಿನ್ನ ಕಲ್ಲಿಗೆ ಹಾಕ್ತೀನಿ."

"ಆಡೋದ್ರಲ್ಲಿ ಏನೈತೆ ಪಾಲಣ್ಣ?"

"ನಂಗೆ ಮೀಸೆ ಐತೆ" ಅಂದ. ಅದಕ್ಕಿಂತ ಹೆಚ್ಚಿನ ವಿವರಣೆ ಬೇಕಿರಲಿಲ್ಲ.

ಅನಾಹುತವಾದ ದಿನ ಪಾಲಯ್ಯ ಎಲ್ಲವನ್ನೂ ಸರಿಯಾಗಿಯೇ ಮಾಡಿದ್ದ. ದನ ಕಟ್ಟಿದ್ದ, ಮನೆಯೊಳಗೆ ಹೋಗಿದ್ದ, ಮಂಚದ ಹತ್ತಿರ ಗುಂಡಿ ಒತ್ತಿದ್ದ. ಮರಳಿನ ಗಡಿಯಾರ ತಿರುಗುತ್ತಿತ್ತು. ಅಷ್ಟರಲ್ಲಿ ಕರೆಂಟು ಬಂತು. ನೆತ್ತಿಯ ಮೇಲಿನ ಬಲ್ಬು ಭಗ್ಗನೆ ಹತ್ತಿ ಇಡೀ ಗಿರಣಿ ಬಯಲಾಯಿತು, ಬಾಗಿಲಲ್ಲಿ ರಂಗಕ್ಕ ಜೋಳದ ಪುಟ್ಟಿ ಹೊತ್ತು ನಿಂತಿದ್ದಳು. ಊರಿನ ಸುದ್ದಿಯನ್ನೆಲ್ಲ ಮನೆಮನೆಗೆ ಮುಟ್ಟಿಸುವ ರಂಗಕ್ಕ.

"ಪಾಲಣ್ಣ, ಕೈಯಾಗೇನು ಅದು, ಮಿಣಮಿಣ ಅಂತೈತೆ?"

ಇಪ್ಪತ್ತು ವರ್ಷ ಗಿರಣಿ ನಿಲ್ಲಿಸಿದ ಕೈ ಅವತ್ತು ಎರಡು ಚಿಟಿಕೆ ಹೊತ್ತು ಕಾಯಲಿಲ್ಲ. ಬೆನ್ನ ಹಿಂದೆ ಒಯ್ದು ಮುಚ್ಚಳ ಕಿತ್ತು ಸೆಲ್ಲು ಹೊರಗೆ ಚೆಲ್ಲಿದ. "ಟಾರ್ಚು" ಅಂದ.

ರಂಗಕ್ಕ ಹೋದ ಮೇಲೆ ಸೆಲ್ಲು ಹಾಕಿ ನೋಡಿದರೆ, ಹೊಲದಲ್ಲಿ ಬರೀ ಕಳೆ, ಕಲ್ಲು. ಕೊಟ್ಟಿಗೆ ಖಾಲಿ. ಕೆಂದಿ ಇಲ್ಲ, ಕರು ಇಲ್ಲ. ನೀನು ಯಾರು, ನಿನ್ನ ಹೆಸರೇನು ಎಂದು ಆ ಡಬ್ಬಿ ಪಾಲಯ್ಯನನ್ನೇ ಕೇಳುತ್ತಿತ್ತು.

ನೇರವಾಗಿ ನನ್ನಲ್ಲಿಗೆ ಬಂದ. ನಾನು ಕನ್ನಡಕ ಹಾಕಿಕೊಂಡು, ಗಡಿಯಾರದ ಕೆಳಗೆ ಬರುವ ಸಾಲನ್ನು ಮತ್ತೆ ಬರಿಸಿ, ಓದಿ, ಅರ್ಥ ಹೇಳಿದೆ. "ಈಗ ಆರಿಸಬೇಡಿ ಅಂತ ಬರದೈತೆ ಪಾಲಣ್ಣ." ಇಂಗ್ಲಿಷಿನಿಂದ ನಾನು ಊರಿಗೆ ಮಾಡಿದ ಉಪಕಾರಗಳೆಲ್ಲ ಹೀಗೆ, ಆಗಬೇಕಾದ್ದು ಆಗಿಹೋದ ಮೇಲೆ.

"ಅವ್ಳು ಕೇಳಿದ್ರೆ ಏನು ಹೇಳ್ಲಿ? ಆ ಹಸು ಬಿಟ್ರೆ ಅವ್ಳಿಗೆ ಏನೈತಲೇ ಈಗ?"

"ಇದ್ದದ್ದು ಹೇಳಿಬಿಡು."

"ಆಡ್ತಿದ್ದೆ ಅಂತ ಹೇಳೋದಾ?" ಹಸು ಕೊಂದೆ ಅಂತಲಾದರೂ ಹೇಳಿಯಾನು, ಆಡುತ್ತಿದ್ದೆ ಅನ್ನುವುದು ಅವನ ಬಾಯಲ್ಲಿ ಹೊರಡುವಂತಿರಲಿಲ್ಲ.

ಡಬ್ಬಿ ಕೆಟ್ಟಿದೆ, ಚಳ್ಳಕೆರೆಗೆ ರಿಪೇರಿಗೆ ಕೊಟ್ಟಿದೆ ಎಂದು ಮನೆಯಲ್ಲಿ ಸುಳ್ಳು ಹೇಳಿದ. ನಿಜವಾಗಿ ಅದು ನನ್ನ ಸ್ಟುಡಿಯೋದ ಡಾರ್ಕ್‌ರೂಮಿನಲ್ಲಿತ್ತು. ಆ ಕೋಣೆಗೆ ಅಷ್ಟು ಕೆಲಸ ಹಿಂದೆಂದೂ ಬಿದ್ದಿರಲಿಲ್ಲ. ಕರೆಂಟು ಹೋದಾಗಲೆಲ್ಲ ಪಾಲಯ್ಯ ಬಂದು ಕೂತು, ಕಳೆ ಕಿತ್ತು, ಕಲ್ಲು ಆಯ್ದು, ಬಿತ್ತನೆ ಮಾಡಿದ. ಎಷ್ಟು ಗೇದರೂ ಹಸು ಕೊಳ್ಳುವಷ್ಟು ಆಗಲೊಲ್ಲದು. ಅತ್ತ ಬೋರಮ್ಮ ದಿನವೂ ಕೇಳುತ್ತಿದ್ದಳು, "ರಿಪೇರಿ ಆಯ್ತಾ? ಕೆಂದಿಗೆ ಮೇವು ಹಾಕೋರು ಯಾರು?"

ಕೋಳಿಯ ಮಾತು ತೆಗೆದದ್ದು ನಾನು. ನಮ್ಮ ಮನೆಯಲ್ಲಿ ಕೋಳಿಯೆಂದರೆ ಭಾನುವಾರದ ಸಾರು, ಅಷ್ಟೇ. "ನಾಕು ಕೋಳಿ ತಗ, ಮೊಟ್ಟೆ ಮಾರು, ಹಸು ಬಂದ ಕೂಡ್ಲೆ ಕೋಳಿ ಮಾರಿಬಿಡು. ಯಾರಿಗೆ ಗೊತ್ತಾಗ್ತೈತೆ?"

ಪಾಲಯ್ಯ ಡಬ್ಬಿಯನ್ನು ನೆಲದ ಮೇಲಿಟ್ಟು ಕೈ ಹಿಂದಕ್ಕೆಳೆದುಕೊಂಡ.

"ಅದು ಕೋಳಿ ಅಲ್ಲ ಪಾಲಣ್ಣ, ಕೋಳಿ ಚಿತ್ರ."

"ಚಿತ್ರದ ಹಸು ಹಸು ಆದ್ರೆ, ಚಿತ್ರದ ಕೋಳಿ ಕೋಳಿ ಅಲ್ವೇನಲೇ?"

ಆದರೂ ಕೊಂಡ. ಕೊಳ್ಳುವ ಗುಂಡಿಯನ್ನು ನನ್ನ ಕೈಯಲ್ಲಿ ಒತ್ತಿಸಿದ. ಮೊಟ್ಟೆ ಎತ್ತುವಾಗ ಪರದೆಯಿಂದ ಮುಖ ತಿರುಗಿಸಿಕೊಳ್ಳುತ್ತಿದ್ದ, ಹಾಗಾಗಿ ಒಂದೆರಡು ಸಲ ಮೊಟ್ಟೆ ತುಳಿದದ್ದೂ ಉಂಟು. ಆದರೆ ಈಗ ಪ್ರತಿ ಸಲವೂ ಮಂಚದ ಹತ್ತಿರ ನಿಂತು, ಉಸಿರು ಬಿಗಿಹಿಡಿದು, ಗಡಿಯಾರ ಪೂರಾ ಹೋಗುವವರೆಗೆ ಕಾದು ಆರಿಸುತ್ತಿದ್ದ. ಕೋಳಿಗಳೂ ಅಷ್ಟೇ ಭದ್ರವಾಗಿ ಉಳಿದುಕೊಂಡವು.

ಅಂತೂ ಹಸು ಬಂತು. ನಾನು ಮತ್ತೆ 'ಕೆಂದಿ' ಎಂದು ಬರೆದೆ. ಕರು ಇರಲಿಲ್ಲ. "ರಿಪೇರಿಯವ್ನು ಕಳ್ದ ಅನ್ನು" ಎಂದು ನಾನು ಸಲಹೆ ಕೊಟ್ಟೆ. ನನ್ನ ಸಲಹೆಗಳನ್ನು ಅವನು ಅಷ್ಟು ಹೊತ್ತಿಗೆ ಕೇಳುವುದನ್ನು ಬಿಟ್ಟಿದ್ದ.

ಮಾರನೆಯ ಮಧ್ಯಾಹ್ನ ಕೋಳಿ ಮಾರಲು ಕೂತೆವು. ಒಂದೊಂದೇ ಹಿಡಿದು ಮಾರಿದ. ಕಡೆಯದು ಹೋದಾಗ ಪಂಚೆಗೆ ಕೈ ಒರೆಸಿಕೊಂಡ. ಇನ್ನು ಮನೆಯೊಳಗೆ ಹೋಗಿ ಮಂಚದ ಹತ್ತಿರ ನಿಲ್ಲಬೇಕು. ಗೊಂಬೆಯ ದಾರಿ ಅರ್ಧ ಆಗಿತ್ತು, ಸ್ಟುಡಿಯೋದ ಹೊರಗೆ ಹೊನ್ನೂರಸ್ವಾಮಿಯ ದನಿ.

"ಬಾವ ಇಲ್ಲಿದ್ದಾರಾ? ಅಕ್ಕನ ಕಾಲಿನ ಪಟ್ಟಿ ಬಿಚ್ಚಿಸ್ಕಂಡು ಬಂದ್ವಿ. ಎಷ್ಟು ಕೂಗಿದ್ರೂ ಗಿರಣ್ಯಾಗೆ ಯಾರೂ ಇಲ್ಲ."

ಕೋಲು ಊರುವ ಸದ್ದೂ ಕೇಳಿತು. ಪಾಲಯ್ಯನ ಬೆರಳು ತಾನಾಗಿ ಹೋಗಿ ಸ್ವಿಚ್ಚು ಜಾರಿಸಿತು. ಆಮೇಲೆ ನನ್ನ ಮುಖ ನೋಡಿದ. "ಮಾರಿದ್ದಂತೂ ಮಾರಿದ್ವಲ್ಲ" ಅಂತ ಪಿಸುಗುಟ್ಟಿದ. ನಾನು ತಿಳಿದವನ ಹಾಗೆ ತಲೆಯಾಡಿಸಿದೆ.

ಹೊರಗೆ ಬಂದು, "ಇಕಾ, ರಿಪೇರಿ ಆಗೈತೆ" ಎಂದು ಬೋರಮ್ಮನ ಕೈಗೆ ಕೊಟ್ಟ. ಅವಳು ಗಿರಣಿಯ ಕಟ್ಟೆಯ ಮೇಲೆ ಕಾಲು ಚಾಚಿ ಕೂತು, ಸೆರಗಿನಿಂದ ಪರದೆ ಒರೆಸಿ, ಹಚ್ಚಿದಳು.

ಮೊದಲು ಸದ್ದು ಬಂತು. ಕೊಕ್ ಕೊಕ್ ಕೊಕ್. ಉಳಿಸದೆ ಆರಿಸಿದ್ದರಿಂದ ಹಿಂದಿನ ದಿನದ ಅಂಗಳವೇ ಎದ್ದು ಬಂದಿತ್ತು, ಮಾರಿದ ಕೋಳಿಗಳೆಲ್ಲ ವಾಪಸು. ಅವು ಕೆಂದಿಯ ಸುತ್ತ ಕೆದಕುತ್ತ ಓಡಾಡುತ್ತಿದ್ದವು.

ಹೊನ್ನೂರಸ್ವಾಮಿ ಬಗ್ಗಿ ನೋಡಿದ. "ಏನು ಬಾವ, ನಮ್ಮ ಮನೆ ಹೆಣ್ಣುಮಗಳ ಅಂಗಳದಾಗೆ ಕೋಳಿ ಅಂಗಡಿ ಇಕ್ಕೀರ?"

"ಯಾರವು ಇವು?" ಅಂದಳು ಬೋರಮ್ಮ.

ಪಾಲಯ್ಯ ನನ್ನ ಕಡೆ ಕೈ ತೋರಿಸಿದ. "ಇವ್ನವು."

ನಾನು ಹೌದೆಂದೆ. ಭಾನುವಾರದ ಕೋಳಿ ತಿನ್ನುವವನಿಗೆ ಇದರಿಂದ ಮಾನವೇನೂ ಹೋಗುವುದಿಲ್ಲ ಅಂದುಕೊಂಡೆ. ಬೋರಮ್ಮ ನನ್ನನ್ನೂ ನೋಡಿದಳು, ಅವನನ್ನೂ ನೋಡಿದಳು, ಮತ್ತೆ ಪರದೆ ನೋಡಿದಳು. ಪರದೆಯ ಕೊಟ್ಟಿಗೆಯೊಳಗೆ ಹೋಗಿ ಬಂದಳು.

"ಕರು ಎಲ್ಲಿ?"

ಪಾಲಯ್ಯ ಪಂಚೆಯ ಅಂಚಿನ ಹಿಟ್ಟು ಕೊಡವಿದ.

"ಇದು ನನ್ನ ಕೆಂದಿ ಅಲ್ಲ" ಅಂದಳು. ದನಿ ಏರಲಿಲ್ಲ. ಅದು ಏರಿದ್ದರೆ ಪಾಲಯ್ಯನಿಗೆ ಸುಲಭವಾಗುತ್ತಿತ್ತು.

ಅವನು ಕಟ್ಟೆಯ ಕೆಳಗೆ, ಅವಳ ಕಾಲ ಹತ್ತಿರ ಕುಕ್ಕರಿಸಿದ. "ಕೋಳಿ ನನ್ನವೇ. ಕೆಂದಿ ಕಳೆದವ್ನೂ ನಾನೇ. ಆಡ್ತಿದ್ದೆ. ರಂಗಕ್ಕ ಬಂದ್ಲು ಅಂತ ಸೆಲ್ಲು ಕಿತ್ತೆ." ಅಷ್ಟು ಹೇಳುವಷ್ಟರಲ್ಲಿ ಅವನ ಮುಖದ ಹಿಟ್ಟು ಬೆವರಿನಲ್ಲಿ ಕಲಸಿಹೋಗಿತ್ತು.

"ಆಡೋದು ಗೊತ್ತಿತ್ತು" ಅಂದಳು ಬೋರಮ್ಮ. "ಗುಂಡಿ ಸಂದ್ಯಾಗೆಲ್ಲ ಹಿಟ್ಟು. ದಿನಾ ಸೆರಗಿನಾಗೆ ಒರಸ್ತಿದ್ದೆ. ಇನ್ನೊಬ್ಬರು ಕೈ ಹಾಕಿದ್ರೆ ಹೊಲಕ್ಕೆ ಒಳ್ಳೇದೇ ಅಂತ ಸುಮ್ನಿದ್ದೆ."

ಪಾಲಯ್ಯ ತಲೆ ತಗ್ಗಿಸಿದ್ದು ಮೇಲೆತ್ತಲಿಲ್ಲ. ಬಚ್ಚಿಟ್ಟದ್ದೆಲ್ಲ ಬಚ್ಚಿಡಬೇಕಾಗಿಯೇ ಇರಲಿಲ್ಲ ಎಂದು ತಿಳಿದ ಮೇಲೆ ಮನುಷ್ಯ ಯಾವ ಕಡೆ ನೋಡಬೇಕೋ ನನಗೂ ಗೊತ್ತಿಲ್ಲ. ನಾನು ನನ್ನ ಸ್ಟುಡಿಯೋ ಬೋರ್ಡಿನ ಕಡೆ ನೋಡಿದೆ.

ಬೋರಮ್ಮ ಡಬ್ಬಿಯನ್ನು ಅವನ ಕೈಗಿಟ್ಟಳು. "ತಗ. ಇಲ್ಲೇ ಕೂತು ಮಾರು. ಎಲ್ಲಾ ಮಾರಿ, ಸರಿಯಾಗಿ ಮುಚ್ಚಿ ಕೊಡು. ಹಸೂನ ಏನೂ ಮಾಡ್ಬೇಡ, ಅದೇನು ಮಾಡೈತೆ ಪಾಪ. ಕೆಂದಿ ಮಗಳು ಅಂತ ಇಟ್ಕಂತೀನಿ."

"ಇಲ್ಲಾ? ಒಳೀಕೆ ಹೋಗಿ..."

"ಇಲ್ಲೇ."

ಅಷ್ಟು ಹೊತ್ತಿಗೆ ಕರೆಂಟು ಬಂತು. ಪುಟ್ಟಿ, ಡಬ್ಬ, ಚೀಲ ಹೊತ್ತು ಜನ ಬರತೊಡಗಿದರು, ಮುಂದೆ ರಂಗಕ್ಕ. ಕಟ್ಟೆಯ ಬುಡದಲ್ಲಿ ಪಾಲಯ್ಯ ಡಬ್ಬಿ ಹಿಡಿದು ಕೂತಿದ್ದ. ಕೋಳಿಗಳು ಒಂದೊಂದಾಗಿ ಕೂಗಿ ಹೋಗುತ್ತಿದ್ದವು. ಅವನ ಕಿವಿ ಮೆಣಸಿನಕಾಯಿಯಾಗಿತ್ತು. ನೋಡುವವರ ಗುಂಪಿನಲ್ಲಿ ಅವನಿಂದ ಬೈಸಿಕೊಂಡ ಮೀಸೆಯ ಹುಡುಗರೂ ಇಬ್ಬರಿದ್ದರು. ಒಬ್ಬ ತನ್ನ ಮೀಸೆ ಮುಟ್ಟಿ ನೋಡಿಕೊಂಡ.

"ಇದೇನಾ ಪಾಲಣ್ಣ ನಿನ್ನ ಟಾರ್ಚು?" ಅಂದಳು ರಂಗಕ್ಕ. "ಕೋಳಿ ಕೂಗ್ತೈತಲ್ಲ ಇದ್ರಾಗೆ. ಏಳು, ಜೋಳ ಹಾಕು. ಮನ್ಯಾಗೆ ಒಲೆ ಹಚ್ಚಿ ಬಂದೀನಿ."

ಪಾಲಯ್ಯನ ಗೊಂಬೆ ಮನೆಯೊಳಗೆ ಹೋಗಿ ಮಂಚದ ಹತ್ತಿರ ನಿಂತಿತ್ತು. ಅವನು ಗುಂಡಿ ಒತ್ತಿದ. ಮರಳಿನ ಗಡಿಯಾರ ತಿರುಗತೊಡಗಿತು. ಊರೆಲ್ಲ ನೋಡುತ್ತಿರುವಾಗ ಅದು ಎಂದಿಗಿಂತ ನಿಧಾನವಾಗಿ ತಿರುಗಿತೆಂದು ನನ್ನ ಅನುಮಾನ. ಅವನ ಹೆಬ್ಬೆರಳು ಸ್ವಿಚ್ಚಿನ ಹತ್ತಿರ ಹೋಯಿತು, ವಾಪಸು ಬಂತು.

"ಏಳೋ ಮಾರಾಯ" ಅಂದಳು ರಂಗಕ್ಕ.

"ತಡಿ ರಂಗಕ್ಕ" ಅಂದ ಪಾಲಯ್ಯ, ತಲೆ ಎತ್ತದೆ. "ಇನ್ನೂ ಕಲ್ಲಾಗೆ ಕಾಳೈತೆ."