ಚಿಕ್ಕಬೈರಪ್ಪನವರ ಹತ್ತು ಗುಂಟೆ

ಬಾಗಲೂರಿನ ಚಿಕ್ಕಬೈರಪ್ಪನವರಿಗೆ ಎರಡು ಹೆಮ್ಮೆ. ಒಂದು, ಕೂಲಿ ಮಾಡಿ ತಾವೇ ಕೊಂಡು ದ್ರಾಕ್ಷಿ ಬೆಳೆದ ಜಮೀನು. ಇನ್ನೊಂದು, ನರ್ಸಾಗಿ ಆಸ್ಟ್ರೇಲಿಯಾ ಸೇರಿದ ಮಗಳು ವೇದಾ. ಇವೆರಡೂ ಒಂದಕ್ಕೊಂದು ಅಡ್ಡ ಬರುತ್ತವೆ ಅಂತ ಅವರಿಗೆ ಗೊತ್ತಾದದ್ದು ಎಪ್ಪತ್ತೊಂಬತ್ತನೇ ವಯಸ್ಸಿನಲ್ಲಿ, ಯಲಹಂಕದ ನನ್ನ ಟೇಬಲ್ಲಿನ ಮುಂದೆ.

ನಾನು ಸುಮಾ, ಪತ್ರ ಬರೆಯುವವಳು. ನೋಂದಣಿ ಕಚೇರಿಯ ಎದುರು ನಮ್ಮಪ್ಪ ಬಿಟ್ಟುಹೋದ ಟೇಬಲ್ಲು ಈಗ ನನ್ನದು. ಚಿಕ್ಕಬೈರಪ್ಪನವರು ಕೊಂಡ ಒಂದೊಂದು ತುಂಡು ಜಮೀನಿಗೂ ಪತ್ರ ಬರೆದದ್ದು ನಮ್ಮಪ್ಪನೇ. ಚಿಕ್ಕಬೈರಪ್ಪ ಯಜಮಾನರು ಆ ವಯಸ್ಸಿನಲ್ಲೂ ತೋಟದೊಳಗೆ ಚಪ್ಪಲಿ ಮೆಟ್ಟಿದವರಲ್ಲ. ಬಳ್ಳಿ ಸವರಲು ಇನ್ನೊಬ್ಬರ ಕೈಗೆ ಕತ್ತರಿ ಕೊಟ್ಟವರಲ್ಲ. ಬಾಯಿ ಮಾತ್ರ ಊರಗಲ.

ಅವರ ಹೆಂಡತಿ ಮುನಿವೆಂಕಟಮ್ಮನನ್ನು ಮಣ್ಣು ಮಾಡಿದ್ದು ತೋಟದ ಮೂಲೆಯಲ್ಲೇ. ಆ ಸಮಾಧಿ ಇರುವ ಹತ್ತು ಗುಂಟೆಯನ್ನು ಮಗಳಿಗೆ ಅರಿಶಿನ ಕುಂಕುಮಕ್ಕೆ ಅಂತ ದಾನಪತ್ರ ಮಾಡಿಸಬೇಕಿತ್ತು. ಉಳಿದದ್ದು ಮಗ ಸುಬ್ರಮಣಿಗೆ. ಅವನಾಗಲೇ ಲೇಔಟ್ ಮಾಡುವವರ ಜೊತೆ ಮಾತಾಡಿಯಾಗಿತ್ತು. ಆ ಮೂಲೆಯೂ ಅವನ ಕೈ ಸೇರಿದರೆ ಸಮಾಧಿಯ ಮೇಲೆ ನಲವತ್ತಡಿ ರಸ್ತೆ ಬೀಳುತ್ತದೆ ಅಂತ ಮನೆಯವರಿಗೆಲ್ಲ ಗೊತ್ತಿತ್ತು, ಬಾಯಿಬಿಟ್ಟು ಯಾರೂ ಆಡಿರಲಿಲ್ಲ.

ಅವರ ಮನೆತನದಲ್ಲಿ ಒಂದು ಪದ್ಧತಿ. ಹೆಣ್ಣುಮಗಳಿಗೆ ಭೂಮಿ ಕೊಟ್ಟ ದಿನ ಅಪ್ಪ ತನ್ನ ಕೈಯಾರೆ ಆ ನೆಲದ ಒಂದು ಹಿಡಿ ಮಣ್ಣನ್ನು ಅವಳ ಸೆರಗಿಗೆ ಹಾಕಬೇಕು. ದಾನಪತ್ರದ ದಿನ ಯಜಮಾನರು ಆ ಮಣ್ಣನ್ನು ಹಳದಿ ಬಟ್ಟೆಯಲ್ಲಿ ಗಂಟು ಕಟ್ಟಿ ತಂದಿದ್ದರು. ವೇದಾ ಅದಕ್ಕಾಗಿಯೇ ಸೀರೆ ಉಟ್ಟು ಬಂದಿದ್ದಳು, ಜೊತೆಗೆ ಸುಬ್ರಮಣಿಯೂ ಇದ್ದ. ಭಾನುವಾರ ಅವಳ ವಿಮಾನ.

ನಮ್ಮ ಸರದಿ ಹನ್ನೊಂದೂವರೆಗೆ. ಪತ್ರ ಸಿದ್ಧವಿತ್ತು, ಆಧಾರ್ ಪ್ರತಿಗಳು ಸಿದ್ಧವಿದ್ದವು. ಅಷ್ಟರಲ್ಲಿ ಯಜಮಾನರು ಬೆಂಚಿನ ಮೇಲಿದ್ದವರ ಮುಂದೆ ಶುರುಮಾಡಿದರು: "ನನ್ ಮಗ್ಳು ಈಗ ಆ ದೇಸದ ಪ್ರಜೆ ಕಣ್ರೀ! ಪ್ರಮಾಣ ಮಾಡ್ಸವ್ರೆ. ವೋಟೂ ಆಕವ್ಳೆ!"

ನಾನು ಪತ್ರವನ್ನು ಪಕ್ಕಕ್ಕಿಟ್ಟೆ.

"ವೇದಾ, ನಿನ್ನ ಪಾಸ್‌ಪೋರ್ಟ್ ಯಾವ ದೇಶದ್ದಮ್ಮ?"

"ಅಲ್ಲೀದೇ ಅಕ್ಕ, ಹೋದ್ವರ್ಷ ಬಂತು. ಆದ್ರೆ ಓಸಿಐ ಕಾರ್ಡ್ ಇದೆಯಲ್ಲ, ಎರಡೂ ಕಡೆ ಸಿಟಿಜನ್ ಇದ್ದಂಗೇ."

ಹಂಗೆ ಅಂದುಕೊಂಡವರು ಇವಳೊಬ್ಬಳೇ ಅಲ್ಲ. ಆ ದೇಶ ಎರಡನ್ನೂ ಇಟ್ಟುಕೋ ಅನ್ನುತ್ತದೆ, ನಮ್ಮದು ಒಪ್ಪುವುದಿಲ್ಲ. ಅಲ್ಲಿ ಪ್ರಜೆಯಾದ ದಿನವೇ ಇಲ್ಲಿನ ಪೌರತ್ವ ತಾನಾಗಿ ಹೋಯಿತು. ಹೊರದೇಶದ ಪ್ರಜೆಗಳಾದ ಭಾರತೀಯರಿಗೆ ಕೊಡುವ ಆ ಕಾರ್ಡಿದ್ದರೆ ವೀಸಾ ಇಲ್ಲದೆ ಬರಬಹುದು, ಇರಬಹುದು, ಫ್ಲಾಟೂ ಕೊಳ್ಳಬಹುದು. ವೋಟಿಲ್ಲ. ಬೇಸಾಯದ ಜಮೀನು ಕೊಳ್ಳುವಂತಿಲ್ಲ, ದಾನ ಪಡೆಯುವಂತೆಯೂ ಇಲ್ಲ. ಇಷ್ಟನ್ನು ಹೇಳುವ ಹೊತ್ತಿಗೆ ಹನ್ನೊಂದು ಇಪ್ಪತ್ತಾಗಿತ್ತು.

"ಆಧಾರ್ ಇದೆಯಲ್ಲ ಮೇಡಂ, ಸುಮ್ನೆ ಮಾಡ್ಸಿಬಿಡಿ," ಅಂದ ಸುಬ್ರಮಣಿ, ಹಾಲಿನಲ್ಲಿ ಅದ್ದಿದಂಥ ದನಿಯಲ್ಲಿ.

"ಇವತ್ತು ಮಾಡಿಸಿ, ನಾಳೆ ನೀನೇ ಕೋರ್ಟಿಗೆ ಹೋಗಿ ಬೀಳಿಸೋಕಾ?" ಅಂದೆ. ಅವನು ಗೋಡೆ ಕಡೆ ತಿರುಗಿದ.

ವೇದಾ ಎದ್ದು ನಿಂತಳು. "ಅಪ್ಪ, ನನಗೆ ಬೇಡ, ಮನೆಗೆ ಹೋಗೋಣ."

"ಬಾಯ್ ಮುಚ್ಚು. ಸುಮಮ್ಮ, ಬ್ಯಾರೆ ದಾರಿ ಯೋಳು."

"ಉಯಿಲು ಬರೀಬಹುದು ಯಜಮಾನ್ರೇ. ನಿಮ್ಮ ನಂತರ ಅವಳಿಗೆ ಬಂದರೆ ಕಾನೂನು ಒಪ್ಪುತ್ತೆ."

ಅವರು ನನ್ನನ್ನೇ ನೋಡಿದರು. "ಅಂದ್ರೆ, ನಾನ್ ಕೊಟ್ರೆ ಆಗಾಕಿಲ್ಲ. ಸತ್ರೆ ಆಯ್ತದೆ."

ಇನ್ನೂ ಒಂದು ಮಾತು ಹೇಳಲೇಬೇಕಿತ್ತು, ಹೇಳಿದೆ. ಉಯಿಲು ದಾನಪತ್ರದಷ್ಟು ಗಟ್ಟಿಯಲ್ಲ, ನೀವಿರುವ ತನಕ ಯಾವಾಗ ಬೇಕಾದರೂ ಬದಲಾಯಿಸಬಹುದು. ಸುಬ್ರಮಣಿ ಅದನ್ನು ಕಿವಿಗೊಟ್ಟು ಕೇಳಿದ. ಭಾನುವಾರ ಮಗಳು ಹೊರಟರೆ ಮುದುಕರು ಮೂರು ಹೊತ್ತೂ ಉಣ್ಣಬೇಕಾದದ್ದು ಅವನ ಮನೆಯಲ್ಲೇ.

ಅವತ್ತು ಮಧ್ಯಾಹ್ನವೇ ಉಯಿಲು ಬರೆದು ನೋಂದಣಿ ಮಾಡಿಸಿದೆವು. ಹೊರಗೆ ಬಂದಾಗ ವೇದಾ ಪದ್ಧತಿಯಂತೆ ಸೆರಗು ಒಡ್ಡಿದಳು. ಯಜಮಾನರು ಗಂಟು ಬಿಚ್ಚಿ, ಮಣ್ಣನ್ನು ಮುಷ್ಟಿಯಲ್ಲಿ ಹಿಡಿದರು. ಆಮೇಲೆ ಅದನ್ನು ಮತ್ತೆ ಬಟ್ಟೆಗೆ ಸುರಿದು ಕಟ್ಟಿ ಮಗನ ಕಡೆ ಚಾಚಿದರು.

"ನಾನ್ ಸತ್ಮ್ಯಾಲೆ ನಿಮ್ಮಕ್ಕನ್ ಸೆರಗ್ಗೆ ನೀನೇ ಆಕ್ಬೇಕು ಕಣ್ಲಾ."

ಸುಬ್ರಮಣಿ ಕೈ ನೀಡಲಿಲ್ಲ. ಅವರೇ ಅವನ ಅಂಗಿ ಜೇಬಿಗೆ ತುರುಕಿದರು.

ಏಳು ತಿಂಗಳಿಗೆ ಚಿಕ್ಕಬೈರಪ್ಪನವರು ತೀರಿಕೊಂಡರು. ಅಷ್ಟು ದಿನವೂ ಉಯಿಲು ಬದಲಾಯಿಸಲು ಯಾರಾದರೂ ಅವರನ್ನು ಕರೆತರುತ್ತಾರೇನೋ ಅಂತ ನಾನು ಗೇಟಿನ ಕಡೆ ನೋಡುತ್ತಿದ್ದೆ. ತಿಥಿ ಕಳೆದ ಮಾರನೆಯ ಬೆಳಿಗ್ಗೆ ತಲೆ ಬೋಳಿಸಿಕೊಂಡ ಸುಬ್ರಮಣಿ ಒಬ್ಬನೇ ಬಂದು ಎದುರು ಕೂತು ಜೇಬಿಗೆ ಕೈ ಹಾಕಿದ. ಬೇರೆ ಯಾರ ಕೈಲೋ ಹೊಸ ಉಯಿಲು ಬರೆಸಿದ್ದಾನೆ, ಮುಗಿಯಿತು ಅಂದುಕೊಂಡೆ. ಅವನು ತೆಗೆದದ್ದು ಹಳದಿ ಗಂಟು.

"ಅಕ್ಕ ತೋಟದಲ್ಲಿ ಕಾಯ್ತಾವ್ಳೆ ಮೇಡಂ. ಇದು ಒಣಗಿ ಪುಡಿಯಾಗೋಗೈತೆ. ಅಲ್ಲೇ ಹೊಸ ಮಣ್ಣು ತಗೊಂಡು ಹಾಕಿದ್ರೆ ನಡೀತದಾ, ಇಲ್ಲ ಅಪ್ಪ ಮುಟ್ಟಿದ್ದೇ ಆಗ್ಬೇಕಾ?"

"ಅಪ್ಪ ಮುಟ್ಟಿದ್ದೇ ಹಾಕಪ್ಪ," ಅಂದೆ.