ಕಲ್ಯಾಣಪುರದ ಎರಡು ಹೆಜ್ಜೆ

ಚಂದಪ್ಪ ನೆಟ್ಟ ಗಡಿಕಲ್ಲು ಭೂಕಂಪಕ್ಕೂ ಜಗ್ಗುವುದಿಲ್ಲವೆಂದು ಉಡುಪಿಯಲ್ಲಿ ಮಾತು. ಬಾದಾಮಿ ಕಡೆಯಿಂದ ಕಲ್ಲುಕೋರೆಯ ಕೆಲಸಕ್ಕೆ ಬಂದವನು ಸರ್ವೆಯವರ ಹಿಂದೆ ಟೇಪು ಹಿಡಿದು, ಗುಂಡಿ ತೋಡಿ, ಇಪ್ಪತ್ತು ವರ್ಷದಲ್ಲಿ ಕಾಪುವಿನಿಂದ ಕಾರ್ಕಳದವರೆಗೆ ನೆಟ್ಟ ಕಲ್ಲುಗಳನ್ನು ಸಾಲಾಗಿ ಇಟ್ಟರೆ ಅರಬ್ಬೀ ಸಮುದ್ರಕ್ಕೇ ಕಂಪೌಂಡು ಹಾಕಬಹುದಿತ್ತು. ಅಷ್ಟರಲ್ಲಿ ಒಂದೇ ಒಂದು ಕಲ್ಲು ಸುಳ್ಳು. ಅದು ಗೊತ್ತಿದ್ದದ್ದು ಅವನಿಗೆ, ಮತ್ತೆ ನೆಲದ ಕೆಳಗಿದ್ದದ್ದಕ್ಕೆ.

ಹನ್ನೆರಡು ವರ್ಷದ ಹಿಂದೆ ಕಲ್ಯಾಣಪುರದಲ್ಲಿ ಅಪೊಲೋನಿಯಾ ಬಾಯಿಯವರ ತೋಟಕ್ಕೂ ಪಕ್ಕದ ವಿನೋದಕ್ಕನ ಹಿತ್ತಿಲಿಗೂ ನಡುವೆ ಅಳತೆ ನಡೆಯಿತು. ಸರ್ವೆಯರು ಜಾಗ ತೋರಿಸಿ, "ಇಲ್ಲಿ ನೆಡು" ಎಂದು ಹೇಳಿ ಬೊಂಡ ಕುಡಿಯಲು ಹೋದರು. ಏಪ್ರಿಲ್ ತಿಂಗಳು, ಬಾವಿಗಳೇ ಬಾಯಾರಿ ಕೂತಿದ್ದವು. ಮೊಣಕೈ ಆಳದಲ್ಲಿ ಹಾರೆ ಟಣ್ ಎಂದಿತು. ಮಣ್ಣು ಸರಿಸಿದರೆ ಕಲ್ಲಿನ ನಾಗನ ಹೆಡೆ, ಈಗಷ್ಟೇ ಹಾಲೆರೆದ ಹಾಗೆ ಒದ್ದೆ. ಚಂದಪ್ಪ ಸದ್ದಿಲ್ಲದೆ ಮಣ್ಣು ಮುಚ್ಚಿ, ಕಲ್ಲನ್ನು ಎರಡು ಹೆಜ್ಜೆ ಪೂರ್ವಕ್ಕೆ ನೆಟ್ಟ. ಪೂರ್ವಕ್ಕೇ ಯಾಕೆಂದರೆ, ಪಶ್ಚಿಮದಲ್ಲಿ ಮುರಕಲ್ಲು ಗಟ್ಟಿ.

ಆ ಎರಡು ಹೆಜ್ಜೆಯಲ್ಲಿ ಬಾಯಿಯವರ ಬಾವಿ ವಿನೋದಕ್ಕನ ಪಾಲಾಯಿತು. ನೀರು ಸೇದಿದರೆ ಅತಿಕ್ರಮ. ಬಾಯಿ ದಾವೆ ಹೂಡಿದರು. ಫೈಲು ಎಷ್ಟು ಬೆಳೆಯಿತೆಂದರೆ, ಉಡುಪಿ ಕೋರ್ಟಿನಲ್ಲಿ ಅದನ್ನು ಮೇಜಿನ ಮೇಲಿಟ್ಟರೆ ಮಲ್ಪೆಯಲ್ಲಿ ಬೋಟುಗಳು ಅಲುಗುತ್ತಿದ್ದವು. ಅಳತೆಗೆ ಕೋರ್ಟು ಕಳಿಸಿದ ಮೊದಲ ಕಮಿಷನರ ನಕ್ಷೆಯಲ್ಲಿ ಆ ಮೂಲೆಯ ಶಾಯಿ ಒಣಗಲೇ ಇಲ್ಲ. ಎರಡನೆಯವರು ಹೊಡೆದ ಗೂಟ, ಊಟ ಮುಗಿಸಿ ಬರುವಷ್ಟರಲ್ಲಿ ನೆಲದ ಮೇಲೆ ಮಲಗಿತ್ತು. ಹೊಡೆದ ತೂತೂ ಇರಲಿಲ್ಲ. ಚಂದಪ್ಪನ ಬಲ ಅಂಗೈ ಹೆಡೆಗೆ ಮಣ್ಣು ಮುಚ್ಚಿದ ದಿನದಿಂದ ತಣ್ಣಗೇ. ಆ ಕೈಯಲ್ಲಿ ಕೊಟ್ಟ ಚಹಾ ಆರಿಹೋಗುತ್ತದೆಂದು ಹೆಂಡತಿ ರಾಚವ್ವ ಬೈಯುತ್ತಿದ್ದಳು.

ಈ ವರ್ಷ ಕೋರ್ಟು ಮೂರನೆಯ ಕಮಿಷನರಾಗಿ ವಕೀಲೆ ತೃಷಾ ಅವರನ್ನು ಕಳಿಸಿತು. ನಡುಮಧ್ಯಾಹ್ನ. ಟೇಪಿನ ತುದಿ ಹಿಡಿದವನು ಚಂದಪ್ಪನೇ. ಟೇಪು ಸೀದಾ ಆ ಜಾಗಕ್ಕೇ ಬಂದು ನಿಂತಿತು. ಗಾಳಿಯೂ ನಿಂತಿತು. ತೋಟದ ತೆಂಗುಗಳ ನೆರಳುಗಳೆಲ್ಲ ಸೂರ್ಯನನ್ನು ಲೆಕ್ಕಿಸದೆ ಅಲ್ಲಿಗೇ ತಲೆ ಹಾಕಿ ಮಲಗಿದ್ದವು.

"ಗಡಿ ಇಲ್ಲಿ ಬರುತ್ತದೆ, ಕಲ್ಲು ಅಲ್ಲಿ ಉಂಟು. ಯಾರು ಕಿತ್ತು ನೆಟ್ಟದ್ದು?" ಎಂದರು ತೃಷಾ.

"ನಾನೇ ಅಂತೆ, ಬಾಯಮ್ಮ ಹೇಳುವುದು," ಎಂದಳು ವಿನೋದಕ್ಕ. "ನನಗೆ ಕೊಡಪಾನ ಎತ್ತಲಿಕ್ಕೆ ಆಗುವುದಿಲ್ಲ ಮಾರಾಯ್ರೆ, ಕಲ್ಲು ಎತ್ತುತ್ತೇನಾ?"

"ನಾಲಿಗೆಯಲ್ಲಿ ಎತ್ತಿರಬೇಕು," ಎಂದರು ಅಪೊಲೋನಿಯಾ ಬಾಯಿ.

ಸುಮ್ಮನಿದ್ದರೆ ವಿನೋದಕ್ಕ ಕಳ್ಳಿಯಾಗುತ್ತಾಳೆ. ಹೇಳಿದರೆ ತನ್ನನ್ನು ಇನ್ನು ಯಾರೂ ಕಲ್ಲು ನೆಡಲು ಕರೆಯುವುದಿಲ್ಲ, ಜೈಲಿಗೂ ಕಳಿಸಬಹುದು. ಚಂದಪ್ಪ ಟೇಪು ಬಿಟ್ಟ.

"ಯಾರೂ ಕಿತ್ತಿಲ್ರಿ ಮೇಡಂ. ನಾನ ತಪ್ಪು ನೆಟ್ಟೀನಿ."

"ಹನ್ನೆರಡು ವರ್ಷ ಎಂತ ಮಾಡುತ್ತಿದ್ದೆ ಮತ್ತೆ?" ಎಂದರು ತೃಷಾ.

"ನನ್ನ ಯಾರೂ ಕೇಳಲಿಲ್ರಿ. ಎಲ್ಲಾರೂ ಕಲ್ಲನ್ನ ಕೇಳಿದ್ರು."

ಟೇಪು ನಿಂತಲ್ಲಿ ಅಗೆದು ತೋರಿಸಿದ. ಹೆಡೆ ಅದೇ ಒದ್ದೆ. ವಿನೋದಕ್ಕ ಕೈ ಮುಗಿದಳು. ಬಾಯಿ ಶಿಲುಬೆಯ ಗುರುತು ಮಾಡಿಕೊಂಡು ಒಳಗೆ ಹೋಗಿ ಹಾಲು ತಂದರು. ನಾಗ ಸಿಕ್ಕಿದ ಜಾಗವನ್ನು ಕ್ರೈಸ್ತರ ತೋಟದಲ್ಲೂ ಇಲ್ಲಿ ಯಾರೂ ಕೆಣಕುವುದಿಲ್ಲ. ಹಾಲು ಇವರದು, ಎರೆಯುವ ಕೈ ಹಿಂದೂಗಳದು. ತಂಬಿಗೆ ವಿನೋದಕ್ಕನ ಕೈಗೆ ಹೋಯಿತು. ಹನ್ನೆರಡು ವರ್ಷದಲ್ಲಿ, ಬೈಗುಳ ಬಿಟ್ಟರೆ, ಗಡಿ ದಾಟಿದ ಮೊದಲ ವಸ್ತು ಅದು.

ಮುಂದಿನ ತಿಂಗಳು ಕೋರ್ಟಿನಲ್ಲಿ ರಾಜಿ. ಬಾವಿ ಬಾಯಿಯವರದು, ನೀರು ಇಬ್ಬರದು, ನಾಗನ ಸುತ್ತ ಎರಡು ಹೆಜ್ಜೆ ಯಾರದ್ದೂ ಅಲ್ಲ. ನ್ಯಾಯಾಧೀಶರು ಚಂದಪ್ಪನಿಗೆ ಬೈದರು, ಜೈಲಿಗೆ ಕಳಿಸಲಿಲ್ಲ. ಸುಳ್ಳು ಕಲ್ಲನ್ನು ಅವನೇ ಕೀಳಬೇಕೆಂದರು.

ತೃಷಾ ಮತ್ತು ಇಬ್ಬರು ಹೆಂಗಸರ ಎದುರೇ ಕಿತ್ತ. ಮೊಣಕಾಲುದ್ದ ನೆಟ್ಟ ಕಲ್ಲು ಆಳುದ್ದ ಬಂತು, ಗುಂಡಿ ಮಾತ್ರ ಮೊಣಕಾಲುದ್ದವೇ. ಚಂದಪ್ಪ ಬಗ್ಗಿ ಗುಂಡಿಯೊಳಗೆ ಕೈ ಹಾಕಿದ. ಬೆರಳಿಗೆ ತೇವ ತಾಗಿತು. ತೇವದಡಿ ನುಣುಪಾದ, ಬಾಗಿದ ಏನೋ.

"ಎಂತ ಉಂಟು ಕೆಳಗೆ?" ಎಂದರು ಬಾಯಿ.

ಒಂದು ಹಿಡಿ ಮಣ್ಣು ಸಾಕಿತ್ತು ಮುಚ್ಚಲು. ಅವನ ಮುಷ್ಟಿಯಲ್ಲೇ ಇತ್ತು.

"ಇಲ್ಲೂ ಹೆಡಿ ಐತ್ರಿ, ಬಾಯಮ್ಮ," ಎಂದ ಚಂದಪ್ಪ.

ತೃಷಾ ಮುಚ್ಚಿಟ್ಟ ಪೆನ್ನನ್ನು ಮತ್ತೆ ತೆರೆದರು.